ಕೆರೆಯ ಚಿತ್ರ ತೆಗೆದ ಅಣ್ಣ

ಅಣ್ಣನ ಬಲಗಣ್ಣು ಎಡಗಣ್ಣಿಗಿಂತ ಕೊಂಚ ಸಣ್ಣದಾಗಿ ಕಾಣುತ್ತಿತ್ತು. ಮೂವತ್ತು ವರ್ಷ ಕ್ಯಾಮೆರಾದ ರಬ್ಬರಿಗೆ ಒತ್ತಿಕೊಂಡಿದ್ದ ಕಣ್ಣು ಅದು. ಅದರ ಸುತ್ತ ಬಳೆಯಷ್ಟು ಗುಂಡಗೆ ಒಂದು ಕಪ್ಪು ಕಲೆ ಕೂತುಬಿಟ್ಟಿತ್ತು. ಸೀಗೆಪುಡಿ ಹಾಕಿ ಉಜ್ಜಿದರೂ ಹೋಗುವುದಿಲ್ಲ ಎಂದು ಅತ್ತಿಗೆ ನಗುತ್ತಿದ್ದರು. ಚಿತ್ರ ತೆಗೆಯುವಾಗ ಬೇರೆಯವರು ಇನ್ನೊಂದು ಕಣ್ಣನ್ನು ಮುಚ್ಚುತ್ತಾರೆ. ಅಣ್ಣ ಮುಚ್ಚುತ್ತಿರಲಿಲ್ಲ. ಯಾಕೆಂದು ಒಮ್ಮೆ ಕೇಳಿದ್ದಕ್ಕೆ, “ಒಂದ್ ಕಣ್ಣು ಕೆಲ್ಸಕ್ಕೆ ಕಣ್ಲಾ, ಇನ್ನೊಂದು ಎದುರ್ಗಿರೋರ್ಗೆ. ಎರಡ್ನೂ ಡಬ್ಬದೊಳಕ್ಕೇ ಆಕ್ಬುಟ್ರೆ ಅವ್ರು ಯಾರ್ ಕೂಟೆ ಮಾತಾಡ್ಬೇಕು?” ಎಂದಿದ್ದರು.

ಅವರು ನನ್ನ ಒಡಹುಟ್ಟಿದವರಲ್ಲ. ನಾನು ಶ್ರೀರಂಗಪಟ್ಟಣದ ಮುಸ್ಲಿಮರ ಮನೆಯವನು; ಅವರು ಪಾಂಡವಪುರದ ಹತ್ತಿರದ ಹಳ್ಳಿಯ ಗೌಡರ ಮನೆಯವರು. ಹನ್ನೊಂದು ವರ್ಷ ಅವರ ಸಾಕ್ಷ್ಯಚಿತ್ರಗಳಿಗೆ ದನಿ ಹಿಡಿಯುವ ಕೆಲಸ ಮಾಡಿದೆ. ಅವರು ನೋಡುತ್ತಿದ್ದರು, ನಾನು ಕೇಳುತ್ತಿದ್ದೆ. ಅವರ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಬರೆದರೆ ಇನ್ನೊಬ್ಬನ ಹೆಸರೂ ಹೊರಬೀಳುತ್ತದೆ, ಆ ಮನುಷ್ಯ ಈಗಾಗಲೇ ಬೇಕಾದಷ್ಟು ಅನುಭವಿಸಿದ್ದಾನೆ.

ಅಣ್ಣನ ಕಸುಬು ಶುರುವಾದದ್ದು ಪಾಂಡವಪುರದ ಒಂದು ಫೋಟೋ ಸ್ಟುಡಿಯೋದಲ್ಲಿ. ಮೊದಲ ಹತ್ತು ವರ್ಷ ಬರೀ ಮದುವೆಗಳ ವಿಡಿಯೋ. ಹೆಗಲ ಮೇಲೆ ಕ್ಯಾಸೆಟ್ಟಿನ ಭಾರದ ಕ್ಯಾಮೆರಾ, ಪಕ್ಕದಲ್ಲಿ ಕಣ್ಣು ಕುಕ್ಕುವ ಲೈಟು ಹಿಡಿದ ಒಬ್ಬ. ಆ ಕೆಲಸವನ್ನು ಅವರು ಎಂದೂ ಹೀಗಳೆದವರಲ್ಲ. ಧಾರೆಯ ಹೊತ್ತಿಗೆ ಯಾರು ಅಳುತ್ತಾರೆ ಎಂಬುದು ಅವರು ಅಳುವುದಕ್ಕೆ ಮೊದಲೇ ಗೊತ್ತಾಗಬೇಕು, ಅದನ್ನು ಕಲಿತದ್ದು ಮದುವೆ ಚಪ್ಪರಗಳಲ್ಲೇ ಎನ್ನುತ್ತಿದ್ದರು. ಒಮ್ಮೆ ಬೆಂಗಳೂರಿನಿಂದ ನಾಲೆಗಳ ಬಗ್ಗೆ ಚಿತ್ರ ಮಾಡಲು ಬಂದವರ ಕ್ಯಾಮೆರಾಮನ್ನಿಗೆ ಜ್ವರ ಬಂತು. ಸ್ಟುಡಿಯೋದವರು ಅಣ್ಣನನ್ನು ಕಳಿಸಿದರು. ಎರಡು ದಿನದ ಬದಲಿ ಕೆಲಸವೆಂದು ಹೋದವರು ನಾಲೆಯ ಕೊನೆಯ ತೂಬಿನವರೆಗೂ ನಡೆದು, ನೀರು ಬಾರದ ಆ ತೂಬಿನ ಪಕ್ಕ ಕೂತಿದ್ದ, ಗದ್ದೆಗಳಿಗೆ ನೀರು ಹಂಚುವ ಒಬ್ಬ ನೀರುಗಂಟಿಯನ್ನು ಚಿತ್ರಿಸಿ ತಂದರಂತೆ. ಆಮೇಲೆ ಅವರನ್ನು ಕರೆಯುವವರು ಹೆಚ್ಚಿದರು. ರೇಷ್ಮೆ ನೂಲು ತೆಗೆಯುವವರು, ಸೂಲಗಿತ್ತಿಯರು, ನಾಗಮಂಗಲದಲ್ಲಿ ಕಂಚು ಎರೆಯುವವರು, ಮೀನುಗಾರರು ಎಂದು ನಾಲ್ಕು ರಾಜ್ಯ ತಿರುಗಿದರು. ಎಷ್ಟು ದೂರ ಹೋದರೂ ಬಂದ ಮಾರನೆಯ ಬೆಳಿಗ್ಗೆ ತಮ್ಮ ಹಸುಗಳ ಹಾಲು ತಾವೇ ಕರೆದು ಡೈರಿಗೆ ಹಾಕಿ ಬರುತ್ತಿದ್ದರು.

ನನಗೆ ಅವರು ಸಿಕ್ಕಿದ್ದು ನಮ್ಮ ಅಬ್ಬಾನ ಮೈಕ್‌ಸೆಟ್ ಅಂಗಡಿಯಲ್ಲಿ. ನಾನಾಗ ಡಿಗ್ರಿ ಮುಗಿಸಿ ಅಲ್ಲೇ ಕೂರುತ್ತಿದ್ದೆ. ಅಣ್ಣ ಒಂದು ವೈರಿನ ತುದಿ ಬೆಸುಗೆ ಹಾಕಿಸಿಕೊಳ್ಳಲು ಬಂದಿದ್ದರು. ಬೆಸೆದು, ಅವರು ಹಿಡಿದು ತಂದಿದ್ದ ದನಿಯನ್ನು ಹೆಡ್‌ಫೋನಿನಲ್ಲಿ ಕೇಳಿದವನು, “ವೈರ್ ಸರಿ ಇದೆ. ಆದರೆ ನೀವು ಇದನ್ನ ಟ್ಯೂಬ್‌ಲೈಟ್ ಕೆಳಗೆ ಇಟ್ಕೊಂಡು ಕೆಲ್ಸ ಮಾಡ್ತೀರ. ಆ ಗುಂಯ್ ಅನ್ನೋದು ಚೋಕಿನ ಸದ್ದು” ಎಂದೆ. ಅವರು ನನ್ನನ್ನೇ ಒಂದು ಗಳಿಗೆ ನೋಡಿ ಅಬ್ಬಾನ ಕಡೆ ತಿರುಗಿದರು.

“ಸಾಬ್ರೇ, ಇವ್ನ ಕಿವಿ ಇಲ್ಲಿ ದಂಡ ಆಯ್ತಾ ಐತೆ. ನನ್ ಕೂಟೆ ಕಳ್ಸಿ.”

ಅಬ್ಬಾ ನಕ್ಕರು. “ಕರ್ಕೊಂಡೋಗಿ ಗೌಡ್ರೆ. ಇಲ್ಲಿ ಬರೀ ಇನ್ನೊಬ್ರ ಕೆಲ್ಸದಲ್ಲಿ ತಪ್ಪು ಹುಡುಕ್ತಾನೆ.”

ಅಂದಿನಿಂದ ನಾನು ‘ಮೈಕ್‌ಸೆಟ್ಟು’. ಕೊನೆಯವರೆಗೂ ಅವರು ನನ್ನನ್ನು ಕರೆದದ್ದು ಹಾಗೇ.

ಕಲಿಸುತ್ತೇನೆ ಎಂದು ಅವರೇನೂ ಕಲಿಸಲಿಲ್ಲ. ಹೊಸ ಊರಿಗೆ ಹೋದರೆ ಮೊದಲ ದಿನ ಕ್ಯಾಮೆರಾದ ಚೀಲ ಬಿಚ್ಚುತ್ತಲೇ ಇರಲಿಲ್ಲ. ಯಾರದೋ ಜಗಲಿಯ ಮೇಲೆ ಕೂತು, ಕೊಟ್ಟ ಮುದ್ದೆ ಉಂಡು, ದನದ ಸುದ್ದಿ ಮಾತಾಡಿ ಎದ್ದು ಬರುತ್ತಿದ್ದರು. ಮಾರನೆಯ ದಿನ ಕ್ಯಾಮೆರಾ ಹೊರಬಂದರೂ ಪ್ರತಿಯೊಬ್ಬರನ್ನೂ ಕೇಳುವರು: “ತೆಗೀಲಾ ಅವ್ವ?” “ತೆಗೀಲಾ ಅಣ್ಣಯ್ಯ?” ನಿನ್ನೆ ಒಪ್ಪಿದ್ದವರನ್ನು ಇವತ್ತು ಮತ್ತೆ ಕೇಳುವರು. ಕ್ಯಾಮೆರಾ ಓಡುತ್ತಿರುವಾಗ ಮುಂದುಗಡೆ ಒಂದು ಕೆಂಪು ದೀಪ ಉರಿಯುತ್ತದಲ್ಲ, ಜನ ಅದನ್ನು ನೋಡಿ ಬಿಗಿದುಕೊಳ್ಳುತ್ತಾರೆಂದು ಕೆಲವರು ಅದಕ್ಕೆ ಕಪ್ಪು ಟೇಪು ಅಂಟಿಸುತ್ತಾರೆ. ನಾನೂ ಒಮ್ಮೆ ಹಾಗೆ ಅಂಟಿಸಿಕೊಡಲು ಹೋದೆ. ಅಣ್ಣ ನನ್ನ ಕೈ ಮೇಲೆ ಹೊಡೆದರು.

“ಅದು ಉರೀಬೇಕು. ನಾವು ನೋಡ್ತಾ ಇದ್ದೀವಿ ಅಂತ ಅವ್ರಿಗೆ ಗೊತ್ತಿರ್ಬೇಕು. ಇಲ್ದಿದ್ರೆ ನಮ್ಗೂ ಕಿಟಕಿ ಸಂದೀಲಿ ಇಣುಕೋನ್ಗೂ ಏನ್ಲಾ ವ್ಯತ್ಯಾಸ?”

ನಾಗಮಂಗಲ ತಾಲ್ಲೂಕಿನ ಒಂದು ಹಳ್ಳಿಯಲ್ಲಿ ನಡೆದ ಸಂಗತಿಯನ್ನು ಹೇಳಲೇಬೇಕು. ಹಿಂದೆ ನೆಲದಡಿಯ ಹಗೇವಿನಲ್ಲಿ ರಾಗಿ ತುಂಬಿಡುತ್ತಿದ್ದರಲ್ಲ, ಅದರ ಬಗ್ಗೆ ಬೆಂಗಳೂರಿನ ಒಬ್ಬ ನಿರ್ದೇಶಕರಿಗಾಗಿ ಚಿತ್ರ ಮಾಡುತ್ತಿದ್ದೆವು. ಆ ಊರಲ್ಲಿ ಹಗೇವು ತೆಗೆಯುವುದನ್ನು ಬಲ್ಲ ಒಬ್ಬಾಕೆ ಇದ್ದರು, ಎಂಬತ್ತರ ಆಸುಪಾಸು. ಒಂದು ಬೆಳಿಗ್ಗೆ ಆಕೆ ಪಡಸಾಲೆಯಲ್ಲಿ ಕೂತು ತಲೆ ಬಾಚಿಕೊಳ್ಳುತ್ತಿದ್ದರು. ಬಿಚ್ಚಿದ ಬಿಳಿಗೂದಲು, ಗವಾಕ್ಷಿಯಿಂದ ಇಳಿದ ಬಿಸಿಲು. ಅಣ್ಣ ಕೇಳಿದರು, ಆಕೆ ಹೂಂ ಎಂದರು. ನಾಲ್ಕು ನಿಮಿಷದ ಆ ದೃಶ್ಯ ನೋಡಿ ನಿರ್ದೇಶಕರು ಕುಣಿದಾಡಿದರು, ಚಿತ್ರ ಶುರುವಾಗುವುದೇ ಇದರಿಂದ ಎಂದರು.

ಮಾರನೆಯ ದಿನ ಆಕೆಯ ಮಗ ಬಂದ. ಜಗಳಕ್ಕಲ್ಲ, ಸಂಕೋಚದಿಂದಲೇ ನಿಂತು ಹೇಳಿದ: “ನಮ್ಮವ್ವ ರಾತ್ರಿಯಿಂದ ಊಟ ಮಾಡಿಲ್ಲ ಸಾ. ತಲೆ ಬಿಚ್ಕಂಡಿರೋದ ಊರೋರೆಲ್ಲ ನೋಡ್ತಾರೆ ಅಂತ.”

ಅಣ್ಣ ಕ್ಯಾಮೆರಾ ತೆಗೆದುಕೊಂಡು ಆಕೆಯ ಮನೆಗೆ ಹೋದರು. ಪುಟ್ಟ ಪರದೆಯಲ್ಲಿ ಆ ದೃಶ್ಯವನ್ನು ಆಕೆಗೆ ತೋರಿಸಿ, ಆಕೆಯ ಎದುರಿಗೇ ಅಳಿಸಿದರು. ನಿರ್ದೇಶಕರು ಬೀದಿಯಲ್ಲೇ ಕೂಗಾಡಿದರು. ಅಣ್ಣ ಒಂದೇ ಮಾತು ಹೇಳಿದರು: “ಮೊಕ ಅವರ್ದು. ಕ್ಯಾಮೆರಾ ಅಷ್ಟೇ ನಮ್ದು.”

ಅಂದು ನಾನು ಈ ಮನುಷ್ಯನ ಹಿಂದೆ ಎಲ್ಲಿಗೆ ಬೇಕಾದರೂ ಹೋಗುತ್ತೇನೆ ಎಂದುಕೊಂಡೆ. ನನ್ನ ಮನೆಯವರ ಹತ್ತಿರ ಈ ಕತೆಯನ್ನು ಎಷ್ಟು ಸಲ ಹೇಳಿದ್ದೆನೋ. ನನ್ನ ಆಪಾ, ಎಂದರೆ ಅಕ್ಕ, ಮತ್ತು ಭಾವ ಅದನ್ನು ಕೇಳಿದ್ದರು. ಮುಂದೆ ನಡೆದದ್ದಕ್ಕೆ ಆ ಕತೆಯೂ ಕಾರಣ.

ಸಂತೆಬಾಚಹಳ್ಳಿ ಕಡೆ ಒಂದು ಕೆರೆ. ಊರು ಯಾವುದೆಂದು ಬೇಡ. ಹೂಳು ತೆಗೆಯುವ ನೆಪದಲ್ಲಿ ಆ ಕೆರೆಯಂಗಳದ ಮಣ್ಣನ್ನು ಒಬ್ಬ ಗುತ್ತಿಗೆದಾರ ಟಿಪ್ಪರುಗಳಲ್ಲಿ ಸಾಗಿಸುತ್ತಿದ್ದ. ಹೂಳು ಮುಗಿದ ಮೇಲೂ ಜೆಸಿಬಿ ನಿಲ್ಲಲಿಲ್ಲ. ತೆಂಗಿನಮರದ ಅರ್ಧದಷ್ಟು ಆಳದ ಗುಂಡಿಗಳು ಬಿದ್ದವು. ಮಳೆಗಾಲದಲ್ಲಿ ನೀರು ನಿಂತು ಗುಂಡಿ ಯಾವುದು, ಸಮ ಯಾವುದು ಎಂದು ತಿಳಿಯದಂತಾಯಿತು. ಆ ವರ್ಷ ಕುರಿ ಮೇಯಿಸುತ್ತಿದ್ದ ಒಬ್ಬ ಮುದುಕ ಸತ್ತ. ಹೆಣ ಸಿಕ್ಕಿದ್ದು ಕೆರೆಯಲ್ಲಲ್ಲ, ಅರ್ಧ ಮೈಲಿ ದೂರದ ಒಂದು ಹಾಳು ಬಾವಿಯಲ್ಲಿ. ಕಾಲು ಜಾರಿ ಬಿದ್ದಿದ್ದಾನೆ ಎಂದು ಬರೆದು ಮುಗಿಸಿದರು. ಅವನ ಹೆಂಡತಿ ಮಾತ್ರ ಒಪ್ಪಲಿಲ್ಲ. ಚಿಕ್ಕಂದಿನಲ್ಲಿ ಅವನ ತಮ್ಮ ಬಾವಿಗೆ ಬಿದ್ದು ಸತ್ತಿದ್ದನಂತೆ. ಅಂದಿನಿಂದ ಆತ ಯಾವ ಬಾವಿಯ ಹತ್ತಿರವೂ ಹೋದವನಲ್ಲವಂತೆ. ಆಕೆ ಇದನ್ನು ಊರಲ್ಲಿ ಎಲ್ಲರಿಗೂ ಹೇಳಿ, ಕಚೇರಿಗಳಲ್ಲಿ ಹೇಳಿ, ಕೊನೆಗೆ ಆಕೆಗೆ ತಲೆ ಸರಿಯಿಲ್ಲ ಎಂದು ಜನ ಮಾತಾಡಿಕೊಳ್ಳುವಂತಾಯಿತು.

ಅಣ್ಣ ಆ ಕೆರೆಯ ಚಿತ್ರ ತೆಗೆಯಲು ಹೊರಟರು. ಈ ಸಲ ಬೇರೆ ನಿರ್ದೇಶಕರಿಲ್ಲ, ಇದು ಅವರದೇ ಚಿತ್ರ. ಎರಡು ವರ್ಷ ಹೋಗಿ ಬಂದೆವು. ಸತ್ತವನ ಹೆಂಡತಿ, ಆ ಅಜ್ಜಿ, ಮಾತಾಡಿದರು. ಮಿಕ್ಕವರು ಕ್ಯಾಮೆರಾ ಕಂಡರೆ ಬಾಗಿಲು ಹಾಕಿಕೊಳ್ಳುತ್ತಿದ್ದರು.

ನನ್ನ ಭಾವ ಆಗ ಕೆ.ಆರ್. ಪೇಟೆಯಲ್ಲಿದ್ದ. ಅದೇ ಗುತ್ತಿಗೆದಾರನ ಟಿಪ್ಪರ್ ಓಡಿಸುತ್ತಿದ್ದ. ಅಣ್ಣನಿಗೂ ಇದು ಗೊತ್ತಿತ್ತು, ಆದರೆ ಒಮ್ಮೆಯೂ ಕೇಳಲಿಲ್ಲ. ನಾನೇ ಬಾಯಿಬಿಟ್ಟೆ. ಇದನ್ನು ಮುಚ್ಚಿಟ್ಟು ಬರೆದರೆ ಅಣ್ಣನಿಗೆ ಅನ್ಯಾಯವಾಗುತ್ತದೆ.

“ಭಾವನ್ನ ಕರ್ಕೊಂಡು ಬರ್ತೀನಿ ಅಣ್ಣ. ಮುಖ ತೋರಿಸ್ದೆ, ಕೆಲ್ಸ ಹೆಂಗೆ ನಡೀತದೆ ಅಂತ ಹೇಳ್ತಾನೆ.”

“ಬ್ಯಾಡ ಬುಡು. ನಿಮ್ ಮನೆಯೋರು ಕಣ್ಲಾ.”

“ನಿಮ್ಮನ್ನ ನಂಬಿ ಬರ್ತಾನೆ.”

ಅಣ್ಣ ಮತ್ತೆ ಬೇಡ ಎನ್ನಲಿಲ್ಲ. ನಾನು ಆಪಾಳ ಮನೆಗೆ ಹೋಗಿ ಕೂತೆ. ಆಪಾ ಒಪ್ಪಲಿಲ್ಲ. ಆ ಹಗೇವಿನ ಅಜ್ಜಿಯ ಕತೆಯನ್ನು ಮತ್ತೆ ಹೇಳಿದೆ. ಭಾವ “ಆಯ್ತು” ಎಂದ.

ಒಂದು ಮಧ್ಯಾಹ್ನ ಕೆ.ಆರ್. ಪೇಟೆ ಹೊರಗಿನ ಒಂದು ತೆಂಗಿನ ತೋಟದಲ್ಲಿ ಕೂತೆವು. ಭಾವ ಕ್ಯಾಮೆರಾಕ್ಕೆ ಬೆನ್ನು ಮಾಡಿ ಮಾತಾಡಿದ. ದಿನಕ್ಕೆಷ್ಟು ಲೋಡು, ಯಾವ ದಾರಿ, ಯಾರು ತಡೆಯುತ್ತಾರೆ, ಯಾರು ತಡೆಯುವುದಿಲ್ಲ. ಮುಕ್ಕಾಲು ಗಂಟೆಯಾದ ಮೇಲೆ ಇದ್ದಕ್ಕಿದ್ದಂತೆ ನಿಲ್ಲಿಸಿದ. ತಿರುಗಿ ಅಣ್ಣನ ಕಡೆ ನೋಡಿದ.

“ಅಣ್ಣ, ಅದ ಆಫ್ ಮಾಡ್ತೀರಾ?”

ಅಣ್ಣ ಗುಂಡಿ ಒತ್ತಿದರು. ಕೆಂಪು ದೀಪ ಆರಿತು. ನಾನು ನನ್ನ ಯಂತ್ರ ನಿಲ್ಲಿಸಿ, ಹೆಡ್‌ಫೋನ್ ತೆಗೆದು ಚೀಲದ ಮೇಲಿಟ್ಟೆ. ಅಣ್ಣ ಕ್ಯಾಮೆರಾವನ್ನು ತೊಡೆಯ ಮೇಲಿಟ್ಟುಕೊಂಡು, “ಆಫ್ ಆಗೈತೆ. ಏಳಪ್ಪ” ಎಂದರು.

ಭಾವ ಹೇಳಿದ. ಆ ಬೆಳಿಗ್ಗೆ ಬೆಳಕು ಹರಿಯುವ ಹೊತ್ತಿಗೆ ಅವನನ್ನು ಕೆರೆಯ ಹತ್ತಿರ ಬರಲು ಹೇಳಿದ್ದರು. ಹೋದಾಗ ಗುಂಡಿಯ ನೀರಿನಿಂದ ಎತ್ತಿ ದಡದಲ್ಲಿ ಮುದುಕನನ್ನು ಮಲಗಿಸಿದ್ದರು. ಟಿಪ್ಪರಿಗೆ ಹಾಕಿ ಟಾರ್ಪಾಲು ಮುಚ್ಚಿದರು. ಬಾವಿಯ ತನಕ ಓಡಿಸು ಎಂದರು.

“ನಾನ್ ಓಡಿಸ್ದೆ ಅಣ್ಣ. ಬೇರೇನೂ ಮಾಡ್ಲಿಲ್ಲ, ಅಲ್ಲಾನಾಣೆ. ಆದ್ರೆ ಓಡಿಸ್ದೋನು ನಾನೇ. ಒಂದ್ ಚಪ್ಲಿ ಹಿಂದ್ಗಡೆ ಉಳ್ಕೊಂಡ್ಬುಟ್ಟಿತ್ತು. ಮೂರ್ ದಿನ ಸೀಟಿನ ಕೆಳ್ಗೆ ಇಟ್ಕೊಂಡಿದ್ದೆ. ಎಸ್ಯಕ್ಕೂ ಆಗ್ನಿಲ್ಲ, ಕೊಡಕ್ಕೂ ಆಗ್ನಿಲ್ಲ.”

ಹೇಳಿ ಮುಗಿಸಿ, ಪಂಪಿನ ನೀರಿನಲ್ಲಿ ಮುಖ ತೊಳೆದುಕೊಂಡು ಬಂದ. ಮಗಳ ನಿಕಾಹ್ ಗೊತ್ತಾಗಿದೆ, ಅದೊಂದು ಮುಗಿಯಲಿ, ಆಮೇಲೆ ತಾನೇ ಆ ಅಜ್ಜಿಯ ಹತ್ತಿರ ಹೋಗಿ ಹೇಳುತ್ತೇನೆ, ಅಲ್ಲಿಂದ ಸ್ಟೇಷನ್ನಿಗೂ ಹೋಗುತ್ತೇನೆ ಎಂದ. ಅಣ್ಣ ಅವನ ಹೆಗಲ ಮೇಲೆ ಕೈಯಿಟ್ಟು, “ಇದು ನಮ್ ಮೂವರಲ್ಲೇ ಇರ್ತದೆ” ಎಂದರು. ಆ ಕೈಯನ್ನು ನಾನು ನೋಡಿದ್ದೇನೆ.

ಎಂಟು ತಿಂಗಳಾಯಿತು. ಚಿತ್ರದ ಕೊನೆಯ ದನಿ ಜೋಡಣೆಗೆ ಪ್ರತಿ ಸಲವೂ ನಾನೇ ಕೂರುತ್ತಿದ್ದೆ. ಈ ಸಲ ಅಣ್ಣ, “ಬೆಂಗ್ಳೂರೋರೇ ಮಾಡ್ತಾರಂತೆ, ನೀನ್ ಬರೋದ್ ಬ್ಯಾಡ” ಎಂದರು. ನನಗೆ ಸಣ್ಣ ಬೇಸರವಾಯಿತೇ ಹೊರತು ಅನುಮಾನ ಬರಲಿಲ್ಲ. ಭಾವನ ಮಗಳ ನಿಕಾಹ್ ಹುಡುಗನ ಮನೆಯಲ್ಲಿ ಸಾವಾಗಿ ಮುಂದಕ್ಕೆ ಹೋಗಿತ್ತು. ಭಾವ ಇನ್ನೂ ಕಾಯುತ್ತಿದ್ದ.

ಮೊದಲ ಪ್ರದರ್ಶನವನ್ನು ಪಾಂಡವಪುರದ ಒಂದು ಸಭಾಂಗಣದಲ್ಲಿ ಇಟ್ಟಿದ್ದರು. ಭಾನುವಾರ ಬೆಳಿಗ್ಗೆ. ಕೆರೆಯ ಊರಿನಿಂದ ಅಜ್ಜಿಯನ್ನು ಕಾರಿನಲ್ಲಿ ಕರೆಸಿ ಮುಂದಿನ ಸಾಲಿನಲ್ಲಿ ಕೂರಿಸಿದ್ದರು. ಸ್ಪೀಕರುಗಳನ್ನು ನೋಡಿಕೊಳ್ಳಲು ನಾನು ಹಿಂದೆ ಗೋಡೆಗೆ ಒರಗಿ ನಿಂತಿದ್ದೆ.

ಚಿತ್ರ ಚೆನ್ನಾಗಿತ್ತು. ಅದನ್ನೂ ಹೇಳಬೇಕು. ಅಣ್ಣ ತೆಗೆದದ್ದರಲ್ಲಿ ಅಷ್ಟು ಚೆನ್ನಾದದ್ದು ಇನ್ನೊಂದಿಲ್ಲ. ಒಂದು ಗಂಟೆಯ ಹತ್ತಿರ ಹತ್ತಿರ ಬಂದಾಗ ಪರದೆಯ ಮೇಲೆ ತೋಟ ಬಂತು. ವಾಲಿದ ಚೌಕಟ್ಟು, ಎರಡು ಮಂಡಿ, ಒಂದರ ಮೇಲೊಂದು ಇಟ್ಟ ಎರಡು ಕೈ. ದನಿ ಬಂತು. ಅದು ನಾನು ಹಿಡಿದ ದನಿಯಲ್ಲ. ನನ್ನ ಮೈಕಿನ ದನಿಗೆ ಒಂದು ತುಂಬು ಇರುತ್ತದೆ, ಎದೆ ಇರುತ್ತದೆ. ಇದು ತೆಳ್ಳಗೆ, ಗಾಳಿಯ ಸದ್ದು ಬೆರೆತು, ಡಬ್ಬಿಯೊಳಗಿಂದ ಬಂದ ಹಾಗೆ. ಕ್ಯಾಮೆರಾದ ಮೈಯಲ್ಲೇ ಇರುವ ಪುಟ್ಟ ಮೈಕು ಕೇಳಿಸಿಕೊಂಡದ್ದು. ಮಾತು ಏನೆಂದು ತಿಳಿಯುವುದಕ್ಕೆ ಮೊದಲೇ ನನಗೆ ಅದು ಯಾವಾಗ ಹಿಡಿದದ್ದೆಂದು ತಿಳಿದುಹೋಯಿತು. ನಾನು ಹೆಡ್‌ಫೋನ್ ತೆಗೆದಿಟ್ಟ ಮೇಲೆ. ಆ ದೀಪವೊಂದನ್ನು ಮಾತ್ರ ಆರಿಸಿ ಕ್ಯಾಮೆರಾವನ್ನು ಓಡಿಸುವುದಕ್ಕೆ ಬರುತ್ತದೆ. ಅಣ್ಣನಿಗೆ ಅದು ಬರುತ್ತದೆ ಎಂದು ನನಗೆ ಗೊತ್ತಿತ್ತು. ಅವರು ಹಾಗೆ ಮಾಡಬಲ್ಲರು ಎಂದು ಮಾತ್ರ ಗೊತ್ತಿರಲಿಲ್ಲ.

“ನಾನ್ ಓಡಿಸ್ದೆ ಅಣ್ಣ,” ಎಂದಿತು ಪರದೆ.

ಮುಂದಿನ ಸಾಲಿನಲ್ಲಿ ಅಜ್ಜಿ ಎದ್ದು ನಿಂತರು. ಬೆಳಕಿಗೆ ಅಡ್ಡವಾಗಿ ಅವರ ತಲೆಯ ನೆರಳು ಪರದೆಯ ಮೇಲೆ ಬಿತ್ತು. ಯಾರ ಕಡೆಗೂ ಅಲ್ಲದೆ ಗಟ್ಟಿಯಾಗಿ ಕೇಳಿದರು: “ನಾ ಏಳ್ನಿಲ್ವಾ? ನಾ ಏಳ್ನಿಲ್ವಾ?”

ಇಡೀ ಸಭಾಂಗಣ ಅತ್ತಿತು. ನನಗೆ ಅಳು ಬರಲಿಲ್ಲ.

ಹೊರಗೆ ಹುಣಸೆಮರದ ಕೆಳಗೆ ಅಣ್ಣ ಸಿಕ್ಕಿದರು. ಅವರು ನನಗಾಗಿಯೇ ಕಾದಿದ್ದರು ಅನ್ನಿಸುತ್ತದೆ.

“ಮೊಕ ಇಲ್ಲ ಕಣ್ಲಾ. ಎಲ್ಲೂ ಮೊಕ ಇಲ್ಲ.”

“ದನಿ ಯಾರ್ದು ಅಣ್ಣ?”

ಅವರು ಸಭಾಂಗಣದ ಬಾಗಿಲ ಕಡೆ ನೋಡಿದರು.

“ಆ ಗುತ್ತಿಗೆದಾರನ ಹತ್ರ ಎಷ್ಟು ಜನ ಸಾಬ್ರು ಟಿಪ್ಪರ್ ಓಡಿಸ್ತಾರೆ? ಯಾರು ಅಲ್ಲಾನಾಣೆ ಅಂತಾರೆ? ಊರೋರ್ಗೆ ಕಿವಿ ಇಲ್ವಾ?”

“ಆ ಅಜ್ಜಿ ಎಷ್ಟ್ ವರ್ಷದಿಂದ ಒಂದ್ ಮಾತ್ಗೆ ಕಾಯ್ತಾ ಅವ್ಳೆ. ಉಚ್ಚಿ ಅಂದ್ರು ಅವಳ್ನ. ಆ ಮಾತು ನನ್ ತೊಡೆ ಮ್ಯಾಲೇ ಇತ್ತು. ಎಂಗ್ಲಾ ಅಳಿಸ್ಲಿ?”

“ಹೇಳ್ತೀನಿ ಅಂದಿದ್ನಲ್ಲ ಅವನೇ. ನನ್ನನ್ನಾದ್ರೂ ಕೇಳಿದ್ರಾ?”

“ಕೇಳಿದ್ರೆ ನೀನು ಬ್ಯಾಡ ಅಂತಿದ್ದೆ.”

ಹನ್ನೊಂದು ವರ್ಷ ಎಲ್ಲರನ್ನೂ ಕೇಳಿದವರು, ಬೇಡ ಅನ್ನುತ್ತಾರೆಂದು ಗೊತ್ತಿದ್ದ ಒಂದೇ ಒಂದು ಕಡೆ ಕೇಳಲಿಲ್ಲ. ನಾನು ಹೆಗಲಲ್ಲಿದ್ದ ವೈರಿನ ಸುರುಳಿಯನ್ನು ಅಲ್ಲೇ ನೆಲದ ಮೇಲಿಟ್ಟು ಬಸ್‌ಸ್ಟ್ಯಾಂಡಿನ ಕಡೆ ನಡೆದೆ. ಅವರು ಕರೆಯಲಿಲ್ಲ.

ಯಾರೋ ಸಭಾಂಗಣದಲ್ಲೇ ಆ ತುಣುಕನ್ನು ಫೋನಿನಲ್ಲಿ ಹಿಡಿದಿದ್ದರು. ಸಂಜೆಯೊಳಗೆ ಅದು ಕೆ.ಆರ್. ಪೇಟೆ ತಲುಪಿತು. ಮೂರನೆಯ ದಿನ ಪೊಲೀಸರು ಭಾವನ ಮನೆಗೆ ಬಂದರು. ತಾನಾಗಿ ಹೋಗಿ ಹೇಳಿದ್ದರೆ ಅವನು ಸಾಕ್ಷಿಯಾಗಬಹುದಿತ್ತು ಎಂದು ವಕೀಲರು ಆಮೇಲೆ ಹೇಳಿದರು. ಹೀಗೆ ಸಿಕ್ಕಿದ್ದರಿಂದ ಆರೋಪಿಯಾದ. ಗುತ್ತಿಗೆದಾರನ ಇಬ್ಬರು ಮನುಷ್ಯರೂ ಒಳಗೆ ಹೋದರು, ಬೇಗ ಹೊರಗೂ ಬಂದರು. ಭಾವ ಒಂದೂವರೆ ತಿಂಗಳು ಜೈಲಿನಲ್ಲಿದ್ದ. ನಿಕಾಹ್ ಮುರಿದುಬಿತ್ತು. ಹುಡುಗನ ಕಡೆಯವರು ಹೆಣ ಸಾಗಿಸಿದವನ ಮನೆಯ ಸಂಬಂಧ ಬೇಡ ಎಂದು ಹೇಳಿ ಕಳಿಸಿದರು.

ಆಪಾ ಫೋನ್ ಮಾಡಿದಳು. ಅಳಲಿಲ್ಲ, ಬೈಯಲಿಲ್ಲ. “ತೂಚ್ ಲಾಯಾ ನಾ ಉನೋಂಕೂ,” ಎಂದಳು. ಅವರನ್ನು, ಎಂದರೆ ಭಾವನನ್ನು, ಅಲ್ಲಿಗೆ ಕರೆತಂದವನು ನೀನೇ ತಾನೆ ಎಂದು. ಅಷ್ಟೇ ಹೇಳಿ ಇಟ್ಟಳು. ಒಂದು ವರ್ಷ ನನ್ನೊಂದಿಗೆ ಮಾತು ಬಿಟ್ಟಳು. ರಂಜಾನ್ ಹಬ್ಬದ ದಿನ ನಾನು ಹೋಗಿ ಬಾಗಿಲಲ್ಲಿ ನಿಂತರೆ ಹಾಲು ಶಾವಿಗೆಯ ಶೀರ್‌ಖುರ್ಮಾದ ಬಟ್ಟಲನ್ನು ಮಗಳ ಕೈಲಿ ಕಳಿಸಿ ಒಳಗೇ ಇದ್ದಳು.

ಭಾವ ಹೊರಗೆ ಬಂದ ಮೇಲೆ ಯಾರೂ ಅವನ ಕೈಗೆ ಗಾಡಿ ಕೊಡಲಿಲ್ಲ. ಮನೆಮಂದಿಯೆಲ್ಲ ಕೆ.ಆರ್. ಪೇಟೆ ಬಿಟ್ಟು ನಾಗಮಂಗಲಕ್ಕೆ ಹೋದರು. ಅಲ್ಲಿ ತೆಂಗಿನಕಾಯಿ ಸಾಗಿಸುವ ಒಂದು ಗೂಡ್ಸ್ ಆಟೋ ಓಡಿಸುತ್ತಾನೆ. ಒಮ್ಮೆ ನಾನು ಅವನ ಮುಂದೆ ತಲೆ ತಗ್ಗಿಸಿ ಕೂತಾಗ, ಕಾಯಿಗಳನ್ನು ಎಣಿಸಿ ಗೋಣಿಗೆ ಹಾಕುತ್ತಲೇ ಹೇಳಿದ: “ನಾನು ಹೇಳೋನೇ ಇದ್ದೆ. ಯಾವತ್ತು ಹೇಳ್ಬೇಕು ಅಂತ ನಾನ್ ತೀರ್ಮಾನ ಮಾಡ್ಬೇಕಿತ್ತು. ಅದೊಂದನ್ನ ಕಿತ್ಕೊಂಡ್ಬುಟ್ರು ನಿಮ್ಮಣ್ಣ.”

ಚಿತ್ರ ಊರೂರಿಗೆ ಹೋಯಿತು. ಅಣ್ಣನಿಗೆ ಶಾಲು, ಹಾರ, ಪ್ರಶಸ್ತಿ. ಪತ್ರಿಕೆಯಲ್ಲಿ ಅವರ ಫೋಟೋ ಕಂಡ ದಿನ ಅಬ್ಬಾ ಆ ಪುಟವನ್ನು ಮಡಿಸಿ ನನಗೆ ಕಾಣದ ಹಾಗೆ ಇಟ್ಟರು. ನಾನು ಬೇರೆಯವರ ಜೊತೆ ಕೆಲಸ ಮಾಡುತ್ತ ಮೂರು ವರ್ಷ ಕಳೆದೆ. ಅಷ್ಟರಲ್ಲಿ ಅಣ್ಣನ ಎರಡೂ ಕಿಡ್ನಿ ಕೆಟ್ಟಿವೆ ಎಂದು ಸುದ್ದಿ ಬಂತು. ಅತ್ತಿಗೆ ಫೋನ್ ಮಾಡಿ, “ಒಂದ್ ಸಲ ಬಂದೋಗಪ್ಪ. ಬಾಯ್ಬುಟ್ ಕೇಳಲ್ಲ ಅವ್ರು, ನಿನ್ ದಾರೀನೇ ನೋಡ್ತಾವ್ರೆ” ಎಂದರು.

ಹೋದೆ. ಕೊಟ್ಟಿಗೆಯ ಪಕ್ಕದ ಕೋಣೆಯಲ್ಲಿ ಮಲಗಿದ್ದರು. ಮುಖ ಊದಿತ್ತು. ನಾನು ಬಂದದ್ದು ಒಂದು ಮಾತು ಕೇಳಿಸಿಕೊಳ್ಳಲು. ಅದನ್ನು ಕೇಳಿಸಿಕೊಂಡರೆ ಆಪಾಳ ಮನೆಗೆ ಒಯ್ದು ಕೊಡಬಹುದು ಎಂದುಕೊಂಡಿದ್ದೆ.

“ನಿಮ್ ಭಾವ ಎಂಗವ್ನೆ?”

“ಕಾಯಿ ಸಾಗಿಸ್ತಾನೆ.”

ಅಣ್ಣ ಸೂರು ನೋಡುತ್ತ ಹೇಳಿದರು: “ಅದ ಚಿತ್ರದಲ್ಲಿ ಆಕಿದ್ದು ತೆಪ್ಪು ಅಂತ ನಂಗೆ ಈಗ್ಲೂ ಅನ್ನಿಸ್ತಿಲ್ಲ ಕಣೋ ಮೈಕ್‌ಸೆಟ್ಟು. ಇನ್ನೊಂದ್ ಸಲ ಬಂದ್ರೂ ಆಕ್ತಿದ್ದೆ. ಆದ್ರೆ ಆಫ್ ಆಗೈತೆ ಅಂದ್ನಲ್ಲ, ಆ ಸುಳ್ಳು... ಅವನ್ ಕಣ್ ನೋಡ್ಕಂಡೇ ಏಳ್ದೆ. ಅದು ಓಗಲ್ಲ.”

“ಭಾವನ್ಗೆ ಹೇಳ್ಬೇಕಾ ಇದನ್ನ?”

“ನಾನೇ ಏಳ್ಬೇಕಿತ್ತು. ಮೂರ್ ಸಲ ನಾಗಮಂಗ್ಲದ್ ತನ್ಕ ಓದೆ. ಬಸ್ ಇಳ್ದು, ಅದೇ ಬಸ್ಸಲ್ಲಿ ವಾಪಸ್ ಬಂದೆ.”

ನಾನು ಬಯಸಿ ಬಂದ ಮಾತು ಅದಲ್ಲ. ಕ್ಷಮಿಸು ಎಂದಿದ್ದರೆ ಕೋಪ ಮಾಡಿಕೊಳ್ಳಬಹುದಿತ್ತು, ಇಲ್ಲವೇ ಬಿಡಬಹುದಿತ್ತು. ಅತ್ತಿಗೆ ಕೊಟ್ಟ ಕಾಫಿ ಕುಡಿದು ಎದ್ದೆ. ಅಣ್ಣ ನನ್ನ ಮಣಿಕಟ್ಟು ಹಿಡಿದುಕೊಂಡರು, ಬಿಟ್ಟರು. ಆರು ದಿನಕ್ಕೆ ತೀರಿಕೊಂಡರು.

ಅವರನ್ನು ಅವರ ಕಬ್ಬಿನ ಗದ್ದೆಯ ಅಂಚಿನಲ್ಲಿ ಮಣ್ಣು ಮಾಡಿದರು. ಎಲ್ಲೆಲ್ಲಿಂದಲೋ ಜನ ಬಂದಿದ್ದರು. ನೀರುಗಂಟಿಗಳು, ಕಂಚಿನ ಕೆಲಸದವರು, ಬೆಂಗಳೂರಿನ ಸಿನಿಮಾದವರು. ಕೆರೆಯ ಊರಿನ ಅಜ್ಜಿಯೂ ಬಂದಿದ್ದರು, ಎರಡು ಬಸ್ಸು ಬದಲಿಸಿ, ಒಬ್ಬರೇ. ಒಂದು ಹಿಡಿ ಮಣ್ಣು ಹಾಕಿ ಕೈ ಮುಗಿದರು. ನಾನೂ ಮೂರು ಹಿಡಿ ಮಣ್ಣು ಹಾಕಿದೆ. ಕಣ್ಣಲ್ಲಿ ನೀರಿರಲಿಲ್ಲ.

ವಾಪಸ್ ಪಾಂಡವಪುರದ ಬಸ್‌ಸ್ಟ್ಯಾಂಡಿಗೆ ಅಜ್ಜಿಯನ್ನು ನಾನೇ ಕರೆದುಕೊಂಡು ಬಂದೆ. ಟೀ ಕೊಡಿಸಿದೆ. ಲೋಟವನ್ನು ಎರಡು ಕೈಯಲ್ಲಿ ಹಿಡಿದುಕೊಂಡು ಆಕೆ ಕೇಳಿದರು: “ಆ ಗಾಡಿ ಓಡಿಸ್ದೋನು ನಿಮ್ಮೋನಂತಲ್ಲಪ್ಪ. ಅವನ್ನ ಒಂದ್ ಕಿತ ನೋಡ್ಬೇಕಿತ್ತು. ಬೈಯಕ್ಕಲ್ಲ. ಒಂದ್ ಮಾತು ಕೇಳ್ಬೇಕಿತ್ತು.”

ನನಗೆ ಅವನ ಮನೆಯ ದಾರಿ ಗೊತ್ತಿತ್ತು. ಆಕೆಯನ್ನು ನೇರವಾಗಿ ಕರೆದೊಯ್ದು ಬಾಗಿಲಲ್ಲಿ ನಿಲ್ಲಿಸಬಹುದಿತ್ತು. ಹಾಗೆ ಮಾಡಲಿಲ್ಲ. ಫೋನ್ ಮಾಡಿ, ಅಜ್ಜಿ ನನ್ನ ಪಕ್ಕದಲ್ಲಿದ್ದಾರೆ, ನಿನ್ನನ್ನು ನೋಡಬೇಕಂತೆ, ಆಗಲ್ಲ ಅಂದರೆ ಬಸ್ಸು ಹತ್ತಿಸಿ ಕಳಿಸುತ್ತೇನೆ ಎಂದೆ. ಕೇಸು ಇನ್ನೂ ನಡೆಯುತ್ತಿತ್ತು. ಸತ್ತವನ ಕಡೆಯವರ ಹತ್ತಿರ ಹೋಗಬೇಡ ಎಂದು ವಕೀಲರು ಎಚ್ಚರಿಸಿದ್ದರು. ಭಾವ ಆಟೋದ ಇಂಜಿನ್ ಆರಿಸಿದ್ದು ಕೇಳಿಸಿತು. ಆಮೇಲೆ, “ಅಲ್ಲೇ ಕೂರ್ಸು. ನಾನೇ ಬರ್ತೀನಿ” ಎಂದ.

ಒಂದೂವರೆ ಗಂಟೆಯ ಮೇಲೆ ಅವನ ಗೂಡ್ಸ್ ಆಟೋ ಬಂದು ನಿಂತಿತು. ಇಳಿದು ಬಂದು ಬೆಂಚಿನ ಮುಂದೆ ನಿಂತ. ಕೂರಲಿಲ್ಲ.

“ನೀನೇನಪ್ಪ ಓಡಿಸ್ದೋನು?”

“ಊಂ ಕಣವ್ವ. ನಾನೇ.”

ಅಜ್ಜಿ ಅವನ ಮುಖವನ್ನು ನೋಡಿದರು. “ಎತ್ತಾಕೊವಾಗ ಮೈ ಬೆಚ್ಗಿತ್ತಾ?”

ಭಾವ ತಲೆಯಲ್ಲಾಡಿಸಿದ. “ಇಲ್ಲ ಕಣವ್ವ. ತಣ್ಣಗಿತ್ತು. ಟಾರ್ಪಾಲು ಮೊಕದ ಮ್ಯಾಲಿಂದ ಸರ್ದಿತ್ತು. ಗಾಡಿ ನಿಲ್ಸಿ ನಾನೇ ಸರಿ ಮಾಡ್ದೆ.”

“ಅಂಗಾರೆ ಬಾವೀಲಿ ಉಸ್ರು ಕಟ್ಟಿಲ್ಲ,” ಎಂದರು ಅಜ್ಜಿ. “ಬಾವಿ ಅಂದ್ರೆ ಎದ್ರೋರು. ಜೀವ ಇದ್ದಂಗೇ ಬಾವಿಗ್ ಆಕ್ಬುಟ್ರೇನೋ ಅಂತ ನಂಗೆ ನಿದ್ದೇನೇ ಬರ್ತಿರ್ನಿಲ್ಲ ಕಣಪ್ಪ.”

ಆ ಪ್ರಶ್ನೆ ಚಿತ್ರದಲ್ಲಿ ಇರಲಿಲ್ಲ. ಯಾರಿಗೂ ಅದು ಹೊಳೆದಿರಲಿಲ್ಲ, ಅಣ್ಣನಿಗೂ. ಸಭಾಂಗಣದಲ್ಲಿ ಆಕೆ ಎದ್ದು ನಿಂತು ಕೂಗಿದ ದಿನದಿಂದ ಇಷ್ಟು ವರ್ಷ ಅದನ್ನು ಎದೆಯಲ್ಲಿಟ್ಟುಕೊಂಡು ಆಕೆ ಬದುಕಿದ್ದರು. ಅಣ್ಣ ಕದಿಯದೆ ಕಾದಿದ್ದರೆ ಭಾವ ತಾನೇ ಹೋಗಿ ಹೇಳುತ್ತಿದ್ದ, ಆಕೆ ಅಂದೇ ಕೇಳುತ್ತಿದ್ದರು. ಹಾಗೆಂದು ನಾನು ನಂಬಿದ್ದೇನೆ. ಭಾವ ಹೋಗುತ್ತಲೇ ಇರಲಿಲ್ಲವೇನೋ ಎಂಬ ಅನುಮಾನವೂ ಒಮ್ಮೊಮ್ಮೆ ಬರುತ್ತದೆ. ಅದು ಇನ್ನು ಯಾರಿಗೂ ತಿಳಿಯುವುದಿಲ್ಲ.

ಭಾವ ಅಜ್ಜಿಯನ್ನು ಆಟೋದ ಮುಂದಿನ ಸೀಟಿನಲ್ಲಿ ಕೂರಿಸಿಕೊಂಡು ಅವರ ಊರಿಗೆ ಬಿಟ್ಟುಬರಲು ಹೊರಟ. ನನ್ನನ್ನು ಬಾ ಎನ್ನಲಿಲ್ಲ. ನಾನು ಆ ಬೆಂಚಿನ ಮೇಲೆ ಕೂತೇ ಇದ್ದೆ. ಆಗ ಅಳು ಬಂತು. ಪಕ್ಕದಲ್ಲಿದ್ದವರು ಯಾರು ತೀರಿಹೋದರು ಎಂದು ಕೇಳಿದರು. ನಮ್ಮ ಅಣ್ಣ ಎಂದೆ.

ಇಂದಿಗೂ ಯಾವ ಊರಿಗೆ ಕೆಲಸಕ್ಕೆ ಹೋದರೂ ಮೊದಲ ದಿನ ನಾನು ಚೀಲ ಬಿಚ್ಚುವುದಿಲ್ಲ. ಹಾಗೆ ಕೂತಾಗಲೆಲ್ಲ ಅವರು ನೆನಪಾಗುತ್ತಾರೆ. ನನಗೆ ಗೊತ್ತಿರುವ ಕಸುಬೆಲ್ಲ ಅವರು ಕೊಟ್ಟದ್ದು. ಅವರನ್ನು ಕ್ಷಮಿಸುವುದು ಮಾತ್ರ ನನ್ನಿಂದ ಆಗಿಲ್ಲ.